13 ವರ್ಷವಾದರೂ ಮುಗಿಯದ ಕ್ರಿಮಿನಲ್ ಕೇಸು: ಆರೋಪಿಗೆ ಕಾನೂನಿನಲ್ಲಿ ಯಾವ ದಾರಿಗಳಿವೆ?

ಭದ್ರಾನಾಲೆ, ದಾವಣಗೆರೆ

ಎಲ್ಲರಿಗೂ ನಮಸ್ಕಾರ. ನಮ್ಮ ತಂದೆಯವರು ಈ ಜಿಲ್ಲೆಯ ಒಂದು ಹಳ್ಳಿಯ ಸಹಕಾರ ಸಂಘದಲ್ಲಿ 26 ವರ್ಷ ಗುಮಾಸ್ತರಾಗಿದ್ದವರು. ಲೆಕ್ಕಪರಿಶೋಧನೆಯಲ್ಲಿ ಗೊಬ್ಬರದ ದಾಸ್ತಾನಿಗೂ ವಸೂಲಿಯ ಹಣಕ್ಕೂ ತಾಳೆಯಾಗಲಿಲ್ಲವೆಂದು 2012ರಲ್ಲಿ ಕಾರ್ಯದರ್ಶಿ, ನಮ್ಮ ತಂದೆ ಮತ್ತು ಗೋದಾಮಿನ ಒಬ್ಬ ನೌಕರ ಈ ಮೂವರ ಮೇಲೆ ದೂರು ದಾಖಲಾಯಿತು. 2013ರಲ್ಲಿ ಭಾರತೀಯ ದಂಡ ಸಂಹಿತೆಯ 409 (ನಂಬಿಕೆದ್ರೋಹ), 420 (ವಂಚನೆ) ಮತ್ತು 477ಎ (ಲೆಕ್ಕಪತ್ರ ತಿದ್ದುವಿಕೆ) ಕಲಮುಗಳಡಿ ದೋಷಾರೋಪ ಪಟ್ಟಿ ಸಲ್ಲಿಕೆಯಾಯಿತು. ಆರೋಪ ಹೊರಿಸಿದ್ದು 2016ರಲ್ಲಿ. ಪಟ್ಟಿಯಲ್ಲಿರುವ 19 ಸಾಕ್ಷಿಗಳ ಪೈಕಿ ಇಲ್ಲಿಯವರೆಗೆ ಸಾಕ್ಷ್ಯ ನುಡಿದವರು ಐವರು ಮಾತ್ರ.

ತಂದೆಯವರಿಗೆ ಈಗ 71 ವರ್ಷ. ಜಾಮೀನಿನ ಮೇಲಿದ್ದಾರೆ, ಒಂದು ವಾಯಿದೆಯನ್ನೂ ತಪ್ಪಿಸಿದವರಲ್ಲ. ಬೆಳಿಗ್ಗೆ ಬಸ್ಸು ಹಿಡಿದು ಹೋಗಿ, ಕೇಸು ಕರೆಯುವ ತನಕ ವರಾಂಡದಲ್ಲಿ ನಿಂತು, ಮುಂದಿನ ತಾರೀಖು ಬರೆದುಕೊಂಡು ಸಂಜೆಗೆ ಹಿಂದಿರುಗುತ್ತಾರೆ. ಗೋದಾಮಿನ ನೌಕರ 2019ರಿಂದ ಹಾಜರಾಗಿಲ್ಲ. ಅವನ ಮೇಲಿನ ವಾರಂಟು ಪ್ರತಿ ಸಲವೂ ಜಾರಿಯಾಗದೆ ಹಿಂದಿರುಗುತ್ತದೆ. ಸಂಘದ ಮೂಲ ಲೆಡ್ಜರುಗಳು ಸಹಕಾರ ಇಲಾಖೆಯ ಅಧಿಭಾರ ನಡವಳಿಗೆಂದು (ನಷ್ಟವನ್ನು ಹೊಣೆಗಾರರಿಂದ ವಸೂಲಿ ಮಾಡುವ ವಿಚಾರಣೆಗೆಂದು) ಹೋದವು, ನ್ಯಾಯಾಲಯಕ್ಕೆ ಮರಳಿ ಬಂದಿಲ್ಲ. ಇಷ್ಟು ವರ್ಷ ಕಳೆದ ಕಾರಣಕ್ಕೇ ಕೇಸು ವಜಾ ಆಗುತ್ತದೆಯೇ? ಆಗುವುದಿಲ್ಲವಾದರೆ ನಾವು ಎಲ್ಲಿಗೆ ಹೋಗಬೇಕು, ಏನು ಕೇಳಬೇಕು? ಅಪರಾಧಿಯೋ ನಿರಪರಾಧಿಯೋ ಎಂಬ ಒಂದು ಮಾತನ್ನು ತಾವು ಬದುಕಿರುವಾಗಲೇ ಕೇಳಬೇಕೆಂಬುದು ತಂದೆಯವರ ಆಸೆ.

ಕರಿಕೋಟು, ದಾವಣಗೆರೆ

ನಿಮ್ಮ ಮೊದಲ ಪ್ರಶ್ನೆಗೆ ನೇರವಾಗಿಯೇ ಉತ್ತರಿಸುತ್ತೇನೆ, ಏಕೆಂದರೆ ಈ ವಿಷಯದಲ್ಲಿ ಸುಳ್ಳು ಭರವಸೆ ನಂಬಿ ಹಣ ಕಳೆದುಕೊಂಡವರನ್ನು ನಾನು ಬಹಳ ಜನ ನೋಡಿದ್ದೇನೆ. ಇಂತಿಷ್ಟು ವರ್ಷ ಕಳೆದರೆ ಕ್ರಿಮಿನಲ್ ಕೇಸು ತಾನಾಗಿಯೇ ಮುಗಿಯುತ್ತದೆ ಎಂಬ ನಿಯಮ ನಮ್ಮಲ್ಲಿ ಇಲ್ಲ. ಕಾಲಮಿತಿಯ ಕಲಮು ಇದೆ ನಿಜ, ಆದರೆ ಅದು ಮೂರು ವರ್ಷದವರೆಗಿನ ಶಿಕ್ಷೆಯ ಸಣ್ಣ ಅಪರಾಧಗಳನ್ನು ನ್ಯಾಯಾಲಯ ವಿಚಾರಣೆಗೆ ತೆಗೆದುಕೊಳ್ಳುವ ಹಂತಕ್ಕೆ ಸಂಬಂಧಿಸಿದ್ದು. ಜೀವಾವಧಿಯವರೆಗೆ ಶಿಕ್ಷೆಯಿರುವ 409ಕ್ಕೆ ಅದು ಅನ್ವಯಿಸುವುದಿಲ್ಲ.

ಒಂದು ಕಾಲಕ್ಕೆ ಅಂಥ ನಿಯಮ ಇದ್ದದ್ದುಂಟು. 1996ರ ಕಾಮನ್ ಕಾಸ್ ಪ್ರಕರಣದಲ್ಲಿಯೂ 1998 ಮತ್ತು 1999ರ ರಾಜ್ ದೇವ್ ಶರ್ಮಾ ಪ್ರಕರಣದಲ್ಲಿಯೂ ಸುಪ್ರೀಂ ಕೋರ್ಟು ವಿಚಾರಣೆಗೆ ವರ್ಷಗಳ ಗಡುವು ಹಾಕಿತ್ತು. ಅದನ್ನು ಅನುಸರಿಸಿ ನಮ್ಮ ರಾಜ್ಯದಲ್ಲಿಯೂ ಆರೋಪಿಗಳು ಬಿಡುಗಡೆಯಾದರು. ಆ ಪ್ರಶ್ನೆ ಕರ್ನಾಟಕದ್ದೇ ಪ್ರಕರಣವಾದ ಪಿ. ರಾಮಚಂದ್ರ ರಾವ್ ವಿರುದ್ಧ ಕರ್ನಾಟಕ ರಾಜ್ಯ ಎಂಬುದರಲ್ಲಿ ಏಳು ನ್ಯಾಯಮೂರ್ತಿಗಳ ಪೀಠದ ಮುಂದೆ ಹೋಗಿ, 2002ರ ಏಪ್ರಿಲ್‌ನಲ್ಲಿ ಆ ಗಡುವುಗಳೆಲ್ಲ ರದ್ದಾದವು. ಗಡುವು ಹಾಕುವುದು ಶಾಸನ ಮಾಡುವವರ ಕೆಲಸ ಎಂದು ಪೀಠ ಹೇಳಿತು. ಆದರೆ ತ್ವರಿತ ವಿಚಾರಣೆಯ ಹಕ್ಕನ್ನು ತೆಗೆದುಹಾಕಲಿಲ್ಲ, ಆ ಹಕ್ಕನ್ನು ವಿವರಿಸಿದ 1991ರ ಅಂತುಲೆ ತೀರ್ಪನ್ನು ಎತ್ತಿಹಿಡಿಯಿತು. ನಿಮ್ಮ ಕೇಸು ನಿಂತಿರುವುದು ಆ ತೀರ್ಪಿನ ಮೇಲೆ.

ಸಂವಿಧಾನದ 21ನೇ ವಿಧಿಯಲ್ಲಿ ತ್ವರಿತ ವಿಚಾರಣೆಯ ಹಕ್ಕು ಅಡಗಿದೆ ಎಂದು ಸುಪ್ರೀಂ ಕೋರ್ಟು ಹೇಳಿದ್ದು 1979ರಲ್ಲಿ, ಬಿಹಾರದ ಜೈಲುಗಳಲ್ಲಿ ವಿಚಾರಣೆಯಿಲ್ಲದೆ ಕೊಳೆಯುತ್ತಿದ್ದವರ ಹುಸೈನಾರಾ ಖಾತೂನ್ ಪ್ರಕರಣದಲ್ಲಿ. 1991ರ ಡಿಸೆಂಬರ್‌ನ ಅಂತುಲೆ ತೀರ್ಪಿನಲ್ಲಿ ಐವರ ಸಂವಿಧಾನ ಪೀಠ ಆ ಹಕ್ಕಿಗೆ ಅಳತೆಗೋಲುಗಳನ್ನು ಕೊಟ್ಟಿತು. ಹಕ್ಕು ತನಿಖೆಯಿಂದ ಹಿಡಿದು ಮೇಲ್ಮನವಿಯವರೆಗೆ ಎಲ್ಲ ಹಂತಗಳಿಗೂ ಅನ್ವಯಿಸುತ್ತದೆ. ವಿಳಂಬ ಎಷ್ಟು ಎಂಬುದಕ್ಕಿಂತ ಅದು ಯಾರಿಂದ ಆಯಿತು ಮತ್ತು ಅದರಿಂದ ಆರೋಪಿಗೆ ಏನು ಹಾನಿಯಾಯಿತು ಎಂಬುದನ್ನು ತೂಗಿ ನೋಡಬೇಕು. ಆರೋಪಿ ತ್ವರಿತ ವಿಚಾರಣೆಯನ್ನು ಕೇಳಲೇ ಇಲ್ಲ ಎಂಬ ಕಾರಣಕ್ಕೆ ಅವನ ಹಕ್ಕು ಹೋಗುವುದಿಲ್ಲ. ಆದರೆ ಅವನು ಕೇಳಿಯೂ ಆಗಲಿಲ್ಲವೆಂದರೆ ಅದು ಅವನ ಪರವಾಗಿ ನಿಲ್ಲುವ ಅಂಶ.

ಈ ಕೊನೆಯ ಮಾತನ್ನು ದಯವಿಟ್ಟು ಎರಡು ಸಲ ಓದಿ. 13 ವರ್ಷಗಳಲ್ಲಿ ನಿಮ್ಮ ತಂದೆಯವರ ಕಡೆಯಿಂದ "ನಾವು ವಿಚಾರಣೆಗೆ ಸಿದ್ಧರಿದ್ದೇವೆ, ಬೇಗ ನಡೆಸಿ" ಎಂದು ಬರವಣಿಗೆಯಲ್ಲಿ ಎಷ್ಟು ಮೆಮೊ ಹೋಗಿವೆ? ವರಾಂಡದಲ್ಲಿ ನಿಂತದ್ದು ದಾಖಲೆಯಾಗುವುದಿಲ್ಲ, ಆರ್ಡರ್ ಶೀಟಿನಲ್ಲಿ, ಅಂದರೆ ಪ್ರತಿ ವಾಯಿದೆಯ ನಡವಳಿಯನ್ನು ನ್ಯಾಯಾಲಯ ಬರೆದಿಡುವ ಹಾಳೆಯಲ್ಲಿ, ಬಂದದ್ದು ಮಾತ್ರ ದಾಖಲೆ. ಆದ್ದರಿಂದ ಬೇರೆ ಯಾವ ಹೆಜ್ಜೆ ಇಡುವ ಮೊದಲೂ ಆರಂಭದಿಂದ ಇಂದಿನವರೆಗಿನ ಆರ್ಡರ್ ಶೀಟಿನ ದೃಢೀಕೃತ ನಕಲಿಗೆ ಅರ್ಜಿ ಹಾಕಿ. ಅದು ಬಂದ ಮೇಲೆ ಒಂದೊಂದು ವಾಯಿದೆಗೂ ಅಂದು ಯಾವ ಹಂತಕ್ಕೆ ಇಟ್ಟಿದ್ದರು, ಏಕೆ ಮುಂದೆ ಹೋಯಿತು, ಯಾರು ಕಾಲಾವಕಾಶ ಕೇಳಿದರು ಎಂದು ಸಾಲಾಗಿ ಬರೆಯಿರಿ. ಆ ಪಟ್ಟಿಯಿಲ್ಲದೆ ಹೈಕೋರ್ಟಿಗೆ ಹೋದ ಅರ್ಜಿ ಬರೀ ಗೋಳಾಟದಂತೆ ಕಾಣುತ್ತದೆ.

ಕಲ್ಲಿನಕೋಟೆ, ಚಿತ್ರದುರ್ಗ

ವಕೀಲರಾದ ಕರಿಕೋಟು ಅವರು ಹೇಳಿದ್ದಕ್ಕೆ ನನ್ನ ಅನುಭವವನ್ನು ಸೇರಿಸುತ್ತೇನೆ. ಹೊಲದ ಬದುವಿನ ಜಗಳದಲ್ಲಿ ನನ್ನ ಮತ್ತು ನನ್ನ ಅಣ್ಣನ ಮೇಲೆ ಕೇಸಾಗಿತ್ತು. ರದ್ದು ಕೋರಿ ಹೈಕೋರ್ಟಿಗೆ ಹೋದೆವು, ಕೆಳಗಿನ ನ್ಯಾಯಾಲಯದ ನಡವಳಿಗೆ ತಡೆಯಾಜ್ಞೆ ಸಿಕ್ಕಿತು. ಊರಿಗೆ ಬಂದು ಗೆದ್ದೆವೆಂದೇ ಹೇಳಿಕೊಂಡೆವು. ಆ ತಡೆಯಾಜ್ಞೆ ನಾಲ್ಕು ವರ್ಷ ಉಳಿಯಿತು, ಕೊನೆಗೆ ಅರ್ಜಿ ವಜಾ ಆಯಿತು. ಆ ನಾಲ್ಕು ವರ್ಷಗಳಲ್ಲಿ, ಜಗಳದ ಹೊತ್ತಿಗೆ ನಾವು ಅಲ್ಲಿರಲಿಲ್ಲವೆಂದು ಹೇಳಬಲ್ಲವರಾಗಿದ್ದ ನೆರೆಹೊಲದ ಹಿರಿಯರು ತೀರಿಕೊಂಡಿದ್ದರು. ಆಮೇಲೆ ವಿಳಂಬದ ಮಾತೆತ್ತಿದಾಗ, ನಾಲ್ಕು ವರ್ಷ ತಡೆ ತಂದವರು ನೀವೇ ಅಲ್ಲವೇ ಎಂಬ ಪ್ರಶ್ನೆ ಬಂತು. ಅದಕ್ಕೆ ನಮ್ಮಲ್ಲಿ ಉತ್ತರವಿರಲಿಲ್ಲ.

ಕರಿಕೋಟು, ದಾವಣಗೆರೆ

ಕಲ್ಲಿನಕೋಟೆಯವರು ಹೇಳಿದ್ದು ಎಲ್ಲ ಆರೋಪಿಗಳೂ ತಿಳಿಯಬೇಕಾದ ಸಂಗತಿ. ವಿಳಂಬದ ಆಕ್ಷೇಪವನ್ನು ಮೊದಲು ಹೈಕೋರ್ಟಿನ ಮುಂದೆ ಎತ್ತಬೇಕು, ಆದರೆ ಹೈಕೋರ್ಟು ಸಾಮಾನ್ಯವಾಗಿ ವಿಚಾರಣೆಗೆ ತಡೆ ಕೊಡಬಾರದು, ಅಂಥ ಅರ್ಜಿಯನ್ನು ಆದ್ಯತೆಯ ಮೇಲೆ ತೀರ್ಮಾನಿಸಬೇಕು ಎಂದು ಅಂತುಲೆ ತೀರ್ಪೇ ಹೇಳಿದೆ. ತಡೆಯಾಜ್ಞೆ ಆರು ತಿಂಗಳಿಗೆ ತಾನಾಗಿ ತೆರವಾಗುತ್ತದೆ ಎಂದು 2018ರ ಏಷ್ಯನ್ ರಿಸರ್ಫೇಸಿಂಗ್ ತೀರ್ಪು ಹೇಳಿತ್ತು. 2024ರ ಫೆಬ್ರವರಿ 29ರಂದು ಐವರ ಪೀಠ ಅದನ್ನು ತಳ್ಳಿಹಾಕಿದೆ. ಹೀಗಾಗಿ ಇಂದು ಪಡೆದ ತಡೆ ಎಷ್ಟು ವರ್ಷ ಬೇಕಾದರೂ ಉಳಿದೀತು. ತೀರ್ಪು ಬೇಗ ಬೇಕೆನ್ನುವವರು ತಡೆಯನ್ನು ಕೇಳಲೇಬಾರದು ಎಂಬುದು ನನ್ನ ಅಭಿಪ್ರಾಯ.

ಹೈಕೋರ್ಟಿನಲ್ಲಿ ಕೇಸು ರದ್ದಾಗುವುದೇ ಇಲ್ಲ ಎಂದೂ ಅಲ್ಲ. ಬಿಹಾರದ ವಿದ್ಯುತ್ ಮಂಡಳಿಯ ಎಂಜಿನಿಯರೊಬ್ಬರ ಮೇಲೆ 1,000 ರೂಪಾಯಿ ಲಂಚ ಕೇಳಿದ ಆರೋಪವಿತ್ತು. ಮೂರು ತಿಂಗಳಲ್ಲಿ ಹೊಸ ತನಿಖೆ ಮುಗಿಸಿ ಎಂದು 1990ರಲ್ಲಿ ಹೈಕೋರ್ಟು ಹೇಳಿದ್ದರೂ 1998ರವರೆಗೆ ಏನೂ ನಡೆಯಲಿಲ್ಲ. ವಕೀಲ್ ಪ್ರಸಾದ್ ಸಿಂಗ್ ಎಂಬ ಹೆಸರಿನ ಆ ಪ್ರಕರಣವನ್ನು 2009ರಲ್ಲಿ ಸುಪ್ರೀಂ ಕೋರ್ಟು ರದ್ದುಪಡಿಸಿತು, ಏಕೆಂದರೆ ವಿಳಂಬದಲ್ಲಿ ಆರೋಪಿಯ ಪಾಲು ಇರಲಿಲ್ಲ. ಇದರ ಎದುರಿಗೆ ರಂಜನ್ ದ್ವಿವೇದಿ ಪ್ರಕರಣವನ್ನು ಇಟ್ಟು ನೋಡಿ. ರೈಲ್ವೆ ಸಚಿವ ಎಲ್.ಎನ್. ಮಿಶ್ರಾ ಅವರು ಸತ್ತ 1975ರ ಸಮಸ್ತಿಪುರ ಸ್ಫೋಟದ ವಿಚಾರಣೆ 37 ವರ್ಷವಾದರೂ ಮುಗಿದಿರಲಿಲ್ಲ. ಆದರೂ 2012ರಲ್ಲಿ ರದ್ದತಿಗೆ ಸುಪ್ರೀಂ ಕೋರ್ಟು ಒಪ್ಪಲಿಲ್ಲ, 2014ರ ಡಿಸೆಂಬರ್‌ನಲ್ಲಿ ಶಿಕ್ಷೆಯಾಯಿತು. ಅಪರಾಧದ ತೂಕ ಮತ್ತು ವಿಳಂಬದ ಹೊಣೆ, ಇವೆರಡೂ ತಕ್ಕಡಿಯಲ್ಲಿ ಕೂರುತ್ತವೆ. ವರ್ಷಗಳ ಸಂಖ್ಯೆಯೊಂದೇ ಸಾಲದು.

ಭದ್ರಾನಾಲೆಯವರ ಕೇಸಿನಲ್ಲಿ ಮೊದಲ ಕೆಲಸ ಇರುವುದು ಕೆಳಗಿನ ನ್ಯಾಯಾಲಯದಲ್ಲಿಯೇ. ಮೂರನೇ ಆರೋಪಿ ಸಿಗುತ್ತಿಲ್ಲವೆಂದು ಇನ್ನಿಬ್ಬರ ವಿಚಾರಣೆ ಏಕೆ ನಿಲ್ಲಬೇಕು? ಅವನ ಪ್ರಕರಣವನ್ನು ಬೇರ್ಪಡಿಸಿ, ಅಂದರೆ ನಮ್ಮ ಕಡೆ ಎಲ್ಲರೂ ಹೇಳುವಂತೆ ಸ್ಪ್ಲಿಟ್ ಅಪ್ ಮಾಡಿ, ಉಳಿದವರ ಮೇಲೆ ಮುಂದುವರಿಸಿ ಎಂದು ಅರ್ಜಿ ಹಾಕಿ. ಇದನ್ನು 2019ರಲ್ಲಿಯೇ ಮಾಡಬಹುದಿತ್ತು. ಎರಡನೆಯದು, ದಂಡ ಪ್ರಕ್ರಿಯಾ ಸಂಹಿತೆಯ 309ನೇ ಕಲಮು. ಸಾಕ್ಷಿ ವಿಚಾರಣೆ ಒಮ್ಮೆ ಆರಂಭವಾದರೆ ದಿನದಿಂದ ದಿನಕ್ಕೆ ನಡೆಯಬೇಕು, ಮುಂದೂಡಿದರೆ ಕಾರಣ ಬರೆಯಬೇಕು, ಮುಂದೂಡಿಕೆಗೆ ಅಭಿಯೋಜನೆಯಿಂದಲೂ (ಕೇಸು ನಡೆಸುವ ಸರ್ಕಾರಿ ಪಕ್ಷದಿಂದಲೂ) ಖರ್ಚು ಕೊಡಿಸಬಹುದು ಎಂದು ಅದರಲ್ಲಿ ಸ್ಪಷ್ಟವಾಗಿದೆ. ಅದನ್ನು ಉಲ್ಲೇಖಿಸಿ, ಇನ್ನಿಷ್ಟು ಅವಕಾಶದೊಳಗೆ ಸಾಕ್ಷಿಗಳನ್ನು ಹಾಜರುಪಡಿಸದಿದ್ದರೆ ಅಭಿಯೋಜನೆಯ ಸಾಕ್ಷ್ಯವನ್ನು ಮುಕ್ತಾಯಗೊಳಿಸಬೇಕೆಂದು ಕೋರಿ. ಹೀಗೆ ಹೇಳುವ ಅಧಿಕಾರ ವಿಚಾರಣಾ ನ್ಯಾಯಾಲಯಕ್ಕಿದೆ ಎಂಬುದಕ್ಕೆ ರಾಮಚಂದ್ರ ರಾವ್ ತೀರ್ಪೇ ಆಧಾರ. 2024ರ ಜುಲೈ 1ರಂದು ಜಾರಿಗೆ ಬಂದ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಇದೇ ಕಲಮಿಗೆ 346 ಎಂಬ ಸಂಖ್ಯೆಯಿದೆ; ಆದರೆ ಆ ದಿನಕ್ಕೆ ಬಾಕಿಯಿದ್ದ ನಿಮ್ಮಂಥ ವಿಚಾರಣೆ ಹಳೆಯ ಸಂಹಿತೆಯಂತೆಯೇ ಮುಂದುವರಿಯುತ್ತದೆ.

ಲೆಡ್ಜರಿನದು ಇನ್ನೂ ಮುಖ್ಯ. ಮೂಲ ಪುಸ್ತಕಗಳು ಎಲ್ಲಿವೆ ಎಂದು ನಿಖರವಾಗಿ ತಿಳಿದುಕೊಂಡು, ಅವನ್ನು ತರಿಸಲು ನ್ಯಾಯಾಲಯದಿಂದ ಸಮನ್ಸ್ ಕೋರಿ. ಬಿಲ್ಲು, ಲೆಕ್ಕಪರಿಶೋಧನೆಯ ವರದಿ ಮುಂತಾದ ನೀವು ಅಲ್ಲಗಳೆಯದ ದಾಖಲೆಗಳಿದ್ದರೆ 294ನೇ ಕಲಮಿನಡಿ ಒಪ್ಪಿಕೊಳ್ಳಿ. ಅವನ್ನು ಗುರುತಿಸಲಷ್ಟೇ ಬರಬೇಕಾದ ಸಾಕ್ಷಿಗಳನ್ನು ಆಗ ಕೈಬಿಡಬಹುದು. ಯಾವುದನ್ನು ಒಪ್ಪಬೇಕು, ಯಾವುದನ್ನು ಬಾರದು ಎಂಬುದನ್ನು ನಿಮ್ಮ ವಕೀಲರೊಡನೆ ಕುಳಿತು ತೀರ್ಮಾನಿಸಿ, ಏಕೆಂದರೆ ಒಪ್ಪಿದ ಮೇಲೆ ಹಿಂದೆ ಸರಿಯಲಾಗದು.

ನಿವೃತ್ತ ದಫೇದಾರ, ಹರಿಹರ

ನಾನು ಪೊಲೀಸ್ ಇಲಾಖೆಯಲ್ಲಿದ್ದಾಗ ಕೆಲವು ವರ್ಷ ಕೋರ್ಟ್ ಡ್ಯೂಟಿ ಮಾಡಿದ್ದೇನೆ. ಸಮನ್ಸ್ ಜಾರಿಯಾಗದೆ ಬರುವುದಕ್ಕೆ ಯಾವಾಗಲೂ ಉದ್ದೇಶವೇ ಕಾರಣವೆಂದು ತಿಳಿಯಬೇಡಿ. ತನಿಖಾಧಿಕಾರಿ ವರ್ಗವಾಗಿ ಬೇರೆ ಜಿಲ್ಲೆಗೆ ಹೋಗಿರುತ್ತಾರೆ ಅಥವಾ ನಿವೃತ್ತರಾಗಿರುತ್ತಾರೆ. ಸಮನ್ಸು ಮಾತ್ರ ಹಳೆಯ ಠಾಣೆಗೇ ಹೋಗಿ, "ಸದರಿಯವರು ಇಲ್ಲಿ ಇರುವುದಿಲ್ಲ" ಎಂಬ ಷರಾ ಹೊತ್ತು ಹಿಂದಿರುಗುತ್ತದೆ. ಪಂಚರು ಕೂಲಿಗೆಂದು ಊರು ಬಿಟ್ಟಿರುತ್ತಾರೆ. ಪ್ರತಿ ಸಾಕ್ಷಿಯ ಈಗಿನ ವಿಳಾಸವನ್ನು ಅಭಿಯೋಜಕರಿಂದ ಬರೆಸಿಕೊಳ್ಳಬೇಕೆಂದು ನಿಮ್ಮ ವಕೀಲರು ನ್ಯಾಯಾಲಯವನ್ನು ಕೇಳಲಿ. ದೂರದಲ್ಲಿರುವ ಅಧಿಕಾರಿಗಳ ಸಾಕ್ಷ್ಯವನ್ನು ವಿಡಿಯೊ ಕಾನ್ಫರೆನ್ಸ್ ಮೂಲಕ ಪಡೆಯಬಹುದೆಂದು ಸುಪ್ರೀಂ ಕೋರ್ಟು 2003ರಲ್ಲಿಯೇ ಹೇಳಿದೆ, ಅದಕ್ಕೆ ಆಕ್ಷೇಪವಿಲ್ಲವೆಂದು ನೀವೇ ಮುಂದಾಗಿ ತಿಳಿಸಿ.

ವಾಣಿವಿಲಾಸ, ಹಿರಿಯೂರು

ನಾನು ಎದುರು ದಡದಲ್ಲಿ ನಿಂತವಳು. ನನ್ನ ತಂಗಿಯ ಮೇಲೆ ಹಲ್ಲೆಯಾದ ಪ್ರಕರಣದಲ್ಲಿ ದೂರುದಾರಳು ನಾನೇ, ಮತ್ತು ಅದು ಒಂಬತ್ತನೇ ವರ್ಷದಲ್ಲಿದೆ. ಅಲ್ಲಿ ವಾಯಿದೆ ಕೇಳುತ್ತಿರುವುದು ಆರೋಪಿಯ ಕಡೆಯವರು. ಸಾಕ್ಷಿ ನುಡಿಯಲು ಬಂದ ದಿನ ಅವರ ವಕೀಲರಿಲ್ಲವೆಂದು ತಂಗಿಯನ್ನು ಮೂರು ಸಲ ವಾಪಸು ಕಳುಹಿಸಿದ್ದಾರೆ. ವಿಳಂಬವಾಯಿತೆಂದು ಕೇಸು ರದ್ದಾಗುವುದಾದರೆ ನಮ್ಮಂಥವರಿಗೆ ಉಳಿಯುವುದೇನು?

ಕರಿಕೋಟು, ದಾವಣಗೆರೆ

ಅಕ್ಕಾ, ನಿಮ್ಮ ಆತಂಕಕ್ಕಾಗಿಯೇ ಕಾನೂನು ವರ್ಷಗಳನ್ನು ಮಾತ್ರ ಎಣಿಸುವುದಿಲ್ಲ. ವಾಯಿದೆ ಕೇಳಿದವನೇ ವಿಳಂಬದ ಲಾಭ ಪಡೆಯಲಾಗದು. ಸಾಕ್ಷಿ ನ್ಯಾಯಾಲಯದಲ್ಲಿ ಹಾಜರಿರುವಾಗ ವಿಶೇಷ ಕಾರಣವನ್ನು ಬರವಣಿಗೆಯಲ್ಲಿ ದಾಖಲಿಸದೆ ಮುಂದೂಡುವಂತಿಲ್ಲ. ವಕೀಲರು ಬೇರೆ ನ್ಯಾಯಾಲಯದಲ್ಲಿದ್ದಾರೆ ಎಂಬುದು ಕಾರಣವೇ ಅಲ್ಲವೆಂದು 309ರಲ್ಲಿಯೇ ಬರೆದಿದೆ. ನಿಮ್ಮ ಪರವಾಗಿ ಅಭಿಯೋಜಕರ ಮೂಲಕ ಇದನ್ನು ಲಿಖಿತವಾಗಿ ಎತ್ತಿಸಿ. ನೀವು ನೇಮಿಸಿಕೊಂಡ ವಕೀಲರೂ ಅಭಿಯೋಜಕರಿಗೆ ನೆರವಾಗಬಹುದು. ಆ ಮೂರು ದಿನಗಳೂ ನಿಮ್ಮ ಆರ್ಡರ್ ಶೀಟಿನಲ್ಲಿ ಇರುತ್ತವೆ, ಅವೇ ನಿಮಗೂ ಆಧಾರ.

ರೇಷ್ಮೆ ಮಗ್ಗ, ಮೊಳಕಾಲ್ಮೂರು

ನಮ್ಮ ಅಣ್ಣನ ಮಗ ಕೊಲೆ ಪ್ರಕರಣವೊಂದರಲ್ಲಿ ನಾಲ್ಕನೇ ಆರೋಪಿಯಾಗಿ ಮೂರೂವರೆ ವರ್ಷದಿಂದ ಜೈಲಿನಲ್ಲಿದ್ದಾನೆ. ಸೆಷನ್ಸ್ ನ್ಯಾಯಾಲಯ ಜಾಮೀನು ಕೊಟ್ಟಿಲ್ಲ. ಸಾಕ್ಷಿ ವಿಚಾರಣೆ ಇನ್ನೂ ಆರಂಭವಾಗಿಲ್ಲ. ಶಿಕ್ಷೆಯ ಮೂರನೇ ಒಂದು ಭಾಗ ಕಳೆದರೆ ಬಿಡುತ್ತಾರೆಂದು ಯಾರೋ ಹೇಳಿದರು, ನಿಜವೇ?

ಕರಿಕೋಟು, ದಾವಣಗೆರೆ

ಅದು ಹೊಸ ಸಂಹಿತೆಯ 479ನೇ ಕಲಮಿನ ಮಾತು. ಆ ಅಪರಾಧದ ಗರಿಷ್ಠ ಶಿಕ್ಷೆಯ ಅರ್ಧದಷ್ಟು ಕಾಲವನ್ನು ವಿಚಾರಣಾಧೀನನಾಗಿ ಜೈಲಿನಲ್ಲಿ ಕಳೆದವನು, ಹಿಂದೆ ಯಾವ ಅಪರಾಧದಲ್ಲಿಯೂ ಶಿಕ್ಷೆಯಾಗದವನಾದರೆ ಮೂರನೇ ಒಂದು ಭಾಗ ಕಳೆದವನು ಬಿಡುಗಡೆಗೆ ಅರ್ಹ. ಅರ್ಜಿ ಹಾಕುವ ಹೊಣೆ ಜೈಲು ಅಧೀಕ್ಷಕರದೇ. 2024ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟು ಇದನ್ನು ಹಳೆಯ ಪ್ರಕರಣಗಳಿಗೂ ಅನ್ವಯಿಸಿತು. ಆದರೆ ಮರಣದಂಡನೆ ಅಥವಾ ಜೀವಾವಧಿ ಶಿಕ್ಷೆಯಿರುವ ಅಪರಾಧಗಳಿಗೆ ಇದು ಸಲ್ಲದು, ಹಾಗಾಗಿ ಕೊಲೆ ಪ್ರಕರಣದಲ್ಲಿ ಈ ಬಾಗಿಲು ಮುಚ್ಚಿದೆ. ಒಬ್ಬನ ಮೇಲೆ ಒಂದಕ್ಕಿಂತ ಹೆಚ್ಚು ಪ್ರಕರಣ ಬಾಕಿಯಿದ್ದರೂ ಸಿಗುವುದಿಲ್ಲ.

ಇನ್ನೊಂದು ಬಾಗಿಲು ತೆರೆದಿದೆ. ವಿಚಾರಣೆ ಸದ್ಯದಲ್ಲಿ ಮುಗಿಯುವ ಲಕ್ಷಣವಿಲ್ಲ ಎಂಬುದೇ ಜಾಮೀನಿಗೆ ಕಾರಣವಾಗಬಲ್ಲದು. ಕಾನೂನುಬಾಹಿರ ಚಟುವಟಿಕೆಗಳನ್ನು ತಡೆಯುವ ಯುಎಪಿಎ ಕಾಯ್ದೆಯ ಕಟ್ಟುನಿಟ್ಟಿನ ನಿರ್ಬಂಧವಿದ್ದರೂ ವಿಳಂಬದ ಕಾರಣಕ್ಕೆ ಜಾಮೀನು ಕೊಡುವ ಅಧಿಕಾರ ಹೈಕೋರ್ಟಿಗೂ ಸುಪ್ರೀಂ ಕೋರ್ಟಿಗೂ ಇದೆ ಎಂದು 2021ರ ಕೆ.ಎ. ನಜೀಬ್ ತೀರ್ಪು ಹೇಳಿತು. ಅಪರಾಧ ಎಷ್ಟೇ ಗಂಭೀರವಿರಲಿ ತ್ವರಿತ ವಿಚಾರಣೆಯ ಹಕ್ಕು ಆರೋಪಿಗೆ ಇದ್ದೇ ಇದೆ ಎಂದು 2024ರ ಜುಲೈ 3ರ ಜಾವೇದ್ ಗುಲಾಂ ನಬಿ ಶೇಖ್ ತೀರ್ಪು ಮತ್ತೆ ಒತ್ತಿ ಹೇಳಿದೆ. ಈ ಎರಡನ್ನೂ, ಒಬ್ಬ ಸಾಕ್ಷಿಯೂ ಬಂದಿಲ್ಲವೆಂದು ತೋರಿಸುವ ಆರ್ಡರ್ ಶೀಟನ್ನೂ ಇಟ್ಟುಕೊಂಡು ಹೈಕೋರ್ಟಿಗೆ ಜಾಮೀನು ಅರ್ಜಿ ಹಾಕಿ. ಚಿತ್ರದುರ್ಗ, ದಾವಣಗೆರೆ ಎರಡೂ ಜಿಲ್ಲೆಗಳು ಬೆಂಗಳೂರಿನ ಪ್ರಧಾನ ಪೀಠಕ್ಕೆ ಸೇರುತ್ತವೆ.

ಖರ್ಚಿಗೆ ಹೆದರಬೇಡಿ. ಬಂಧನದಲ್ಲಿರುವ ವ್ಯಕ್ತಿಗೆ ಆದಾಯ ಎಷ್ಟೆಂದು ನೋಡದೆ ಉಚಿತ ಕಾನೂನು ನೆರವು ಸಿಗಬೇಕೆಂದು 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯ 12ನೇ ಕಲಮು ಹೇಳುತ್ತದೆ. ಜಿಲ್ಲಾ ಪ್ರಾಧಿಕಾರದ ಸದಸ್ಯ ಕಾರ್ಯದರ್ಶಿಗಳಿಗೆ ಅರ್ಜಿ ಕೊಡಿ, ಅಥವಾ 15100ಕ್ಕೆ ಕರೆ ಮಾಡಿ. ಜಾಮೀನು ಸಿಕ್ಕಿಯೂ ಶ್ಯೂರಿಟಿ ಹೊಂದಿಸಲಾಗದೆ ಒಳಗೇ ಉಳಿದವರಿದ್ದಾರೆ. ಅಂಥವರು ಒಂದು ತಿಂಗಳಾದರೂ ಹೊರಬರದಿದ್ದರೆ ನ್ಯಾಯಾಲಯ ತಾನಾಗಿಯೇ ಷರತ್ತು ಸಡಿಲಿಸುವುದನ್ನು ಪರಿಶೀಲಿಸಬಹುದೆಂದು 2023ರ ಜನವರಿಯಲ್ಲಿ ಸುಪ್ರೀಂ ಕೋರ್ಟು ನಿರ್ದೇಶಿಸಿದೆ, ಅದನ್ನೂ ನೆನಪಿಡಿ.

ಭದ್ರಾನಾಲೆ, ದಾವಣಗೆರೆ

ಏಳು ವಾರಗಳ ನಂತರ ಬರೆಯುತ್ತಿದ್ದೇನೆ. ಆರ್ಡರ್ ಶೀಟಿನ ನಕಲು ಬಂತು. ಅದನ್ನು ಮೇಜಿನ ಮೇಲೆ ಹರಡಿಕೊಂಡು ಕುಳಿತಾಗ ತಂದೆಯವರು ಒಳಗಿನಿಂದ ಒಂದು ಉದ್ದನೆಯ ನೋಟ್‌ಪುಸ್ತಕ ತಂದಿಟ್ಟರು. ಮೊದಲ ವಾಯಿದೆಯಿಂದ ಪ್ರತಿಯೊಂದನ್ನೂ, ಅಂದು ಏನಾಯಿತೆಂಬುದನ್ನೂ, ಹೋಗಿಬರುವ ಬಸ್ಸಿನ ಚಾರ್ಜನ್ನೂ ಗೆರೆ ಎಳೆದು ಅದರಲ್ಲಿ ಬರೆದಿಟ್ಟಿದ್ದಾರೆ. ಇಷ್ಟು ವರ್ಷ ನಮಗ್ಯಾರಿಗೂ ಅದು ಗೊತ್ತಿರಲಿಲ್ಲ, ನಾವು ಕೇಳಿರಲೂ ಇಲ್ಲ. ಎರಡನ್ನೂ ತಾಳೆ ನೋಡಿದೆವು. ಒಟ್ಟು 112 ವಾಯಿದೆಗಳಲ್ಲಿ ನಮ್ಮ ವಕೀಲರು ಕಾಲಾವಕಾಶ ಕೇಳಿದ್ದು ಒಂಬತ್ತು. ಮೂರನೇ ಆರೋಪಿಯ ವಾರಂಟಿಗಾಗಿ 31, ಸಾಕ್ಷಿಗಳ ಸಮನ್ಸಿಗಾಗಿ 44, ಉಳಿದವು ನ್ಯಾಯಾಧೀಶರ ಹುದ್ದೆ ಖಾಲಿಯಿದ್ದದ್ದು, ಕೋವಿಡ್ ಮುಂತಾದ ಕಾರಣಗಳಿಗೆ. ಐವರು ಸಾಕ್ಷ್ಯ ನುಡಿದದ್ದು ಐದು ದಿನಗಳಲ್ಲಿ.

ಹೈಕೋರ್ಟಿಗೆ ಈಗಲೇ ಹೋಗುವುದು ಬೇಡವೆಂದು ತೀರ್ಮಾನಿಸಿ, ಕೇಸು ಬೇರ್ಪಡಿಸುವ ಅರ್ಜಿಯನ್ನೂ ಲೆಡ್ಜರು ತರಿಸುವ ಅರ್ಜಿಯನ್ನೂ 309ರ ಅಡಿಯ ಮೆಮೊವನ್ನೂ ಒಟ್ಟಿಗೆ ಸಲ್ಲಿಸಿದೆವು. ಜೊತೆಗೆ ವಾಯಿದೆಗಳ ಪಟ್ಟಿಯನ್ನೂ ಇಟ್ಟೆವು. ನ್ಯಾಯಾಧೀಶರು ಪಟ್ಟಿಯನ್ನು ಪುಟ ತಿರುವಿ ಓದಿದರು. ಬೇರ್ಪಡಿಸುವ ಅರ್ಜಿ ಮಂಜೂರಾಯಿತು. ಲೆಡ್ಜರುಗಳಿಗೆ ಸಹಕಾರ ಇಲಾಖೆಯ ಸಂಬಂಧಪಟ್ಟ ಕಚೇರಿಗೆ ಸಮನ್ಸ್ ಹೋಗಿದೆ. ಉಳಿದ ಸಾಕ್ಷಿಗಳಲ್ಲಿ ಇಬ್ಬರು ತೀರಿಕೊಂಡಿದ್ದಾರೆಂದು ಅಭಿಯೋಜಕರು ವರದಿ ಕೊಟ್ಟರು. ದಾಖಲೆ ಗುರುತಿಸಲಷ್ಟೇ ಬೇಕಾಗಿದ್ದ ನಾಲ್ವರನ್ನು, ನಾವು ಆ ದಾಖಲೆಗಳನ್ನು ಒಪ್ಪಿದ್ದರಿಂದ, ಕೈಬಿಡಲು ಅವರೂ ಸಮ್ಮತಿಸಿದರು. ಇನ್ನು ಉಳಿದಿರುವುದು ಎಂಟು ಜನ. ಸಾಕ್ಷ್ಯ ಮುಕ್ತಾಯಗೊಳಿಸಬೇಕೆಂಬ ಕೋರಿಕೆಯ ಬಗ್ಗೆ ಆದೇಶ ಮಾಡದೆ, ಮೂರು ದಿನ ಸತತವಾಗಿ ಸಾಕ್ಷಿ ವಿಚಾರಣೆಗೆ ಇಟ್ಟಿದ್ದಾರೆ.

ಆ ಮೂರು ದಿನ ತಾಲ್ಲೂಕಿನಲ್ಲಿಯೇ ಉಳಿಯಲು ನಮ್ಮ ಸೋದರಮಾವನ ಮನೆಯಲ್ಲಿ ಏರ್ಪಾಡಾಗಿದೆ. ತಂದೆಯವರು ನೋಟ್‌ಪುಸ್ತಕದಲ್ಲಿ ಮೂರೂ ತಾರೀಖುಗಳನ್ನು ಬರೆದು, ಮುಂದಿನ ಕಾಲಂ ಖಾಲಿ ಬಿಟ್ಟಿದ್ದಾರೆ. ಯಾವ ಸಾಕ್ಷಿಗಳು ಬಂದರು, ಲೆಡ್ಜರು ಬಂತೇ ಎಂಬುದನ್ನು ಇಲ್ಲಿಯೇ ತಿಳಿಸುತ್ತೇನೆ.